ಜಮಖಂಡಿಯ ಹಳದಿ ಗೆರೆ, ಬೇಕಲದ ಹಸಿರು ಗೆರೆ

ಮೊನ್ನೆ ರಾತ್ರಿ ಕಾರ್ಯಕ್ರಮ ಮುಗಿಸಿ ಮೈಕ್ ಬಿಚ್ಚಿಡುವ ಹೊತ್ತಿಗೆ ಒಂದು ಫೋನ್ ಬಂತು. ಶಿಗ್ಗಾಂವಿ ತಾಲೂಕಿನ ದುಂಡಸಿಯಿಂದ. ಮಾತಾಡಿದವರು ರೈತರು, ಐವತ್ತು ದಾಟಿದ ದನಿ.

"ಸರ್ರ, ಆಕಾಶದಾಗ ಏನೋ ಒಂದು ವಸ್ತು ಸಿಕ್ಕೈತಂತ. ಯಾವ ವಿಜ್ಞಾನಕ್ಕೂ ನಿಲುಕವಲ್ದಂತ. ವಾಟ್ಸಾಪ್‌ನಾಗ ಬಂದೈತಿ. ಖರೇನೋ ಸುಳ್ಳೋ?"

ಕಳಿಸಿ ನೋಡೋಣ ಅಂದೆ. ಬಂತು. ಮೇಲೆ ನಾಸಾ ಹೆಸರು, ಹಿಂದೆ ಉರಿಯುವ ಉಂಡೆಯ ಚಿತ್ರ, ಕೆಳಗೆ ಹತ್ತು ಜನರಿಗೆ ಕಳಿಸಿ ಅನ್ನುವ ಅಪ್ಪಣೆ. ತಲೆಬುಡ ಇಲ್ಲದ ಸುದ್ದಿ. ಸುಳ್ಳು ಅಂತ ಒಂದೇ ಮಾತಲ್ಲಿ ಹೇಳಿ ಫೋನ್ ಇಡಬಹುದಿತ್ತು. ಆದರೆ ಆ ಮನುಷ್ಯ ಇನ್ನೊಂದು ಮಾತು ಸೇರಿಸಿದರು: "ಎಂಬತ್ತನೇ ಇಸ್ವಿಯಾಗ ನಮ್ಮೂರಾಗ ಹಾಡಹಗಲ ಕತ್ತಲಾತು ನೋಡ್ರಿ. ನಾವು ಸಣ್ಣ ಹುಡುಗ್ರು. ಬಾಗಲಾ ಹಾಕಿ ಒಳಗ ಕುಂದ್ರಿಸಿದ್ರು. ಏನೂ ನೋಡ್ಲಿಲ್ಲ."

ಆ ಮಾತು ನನ್ನನ್ನು ಹಿಡಿದು ನಿಲ್ಲಿಸಿತು. ಯಾಕೆ ಅಂದ್ರೆ, ಅವರು ಕೇಳಿದ ಪ್ರಶ್ನೆಗೆ ನಿಜವಾದ ಉತ್ತರ "ಹೌದು". ಗೊತ್ತಿದ್ದ ಭೌತಶಾಸ್ತ್ರಕ್ಕೆ ಸಡ್ಡು ಹೊಡೆದ ವಸ್ತು ಆಕಾಶದಲ್ಲಿದೆ. ಅದು ಕೋಟಿ ಜ್ಯೋತಿರ್ವರ್ಷ ದೂರದಲ್ಲೂ ಇಲ್ಲ. ದಿನಾ ಬೆಳಿಗ್ಗೆ ದುಂಡಸಿಯ ಹೊಲದ ಬದುವಿನ ಮೇಲೆ ಏಳುತ್ತಲ್ಲ, ಅದೇ ಸೂರ್ಯ. ಆ ಒಗಟನ್ನು ಬಿಡಿಸಲು ದೇಶ ವಿದೇಶದವರು ಬಂದು ನಿಂತದ್ದು ನಮ್ಮ ಜಮಖಂಡಿಯಲ್ಲಿ, ವಿಜಾಪುರದಲ್ಲಿ, ಬೇಕಲದಲ್ಲಿ. 1980ರಲ್ಲಿ ಅದು ದುಂಡಸಿಯ ನೆತ್ತಿಯ ಮೇಲೇ ತೆರೆದುಕೊಂಡಿತ್ತು. ನಾವು ಬಾಗಿಲು ಹಾಕಿಕೊಂಡಿದ್ದೆವು.

ಕಥೆ ಶುರುವಾಗುವುದು ಅಡುಗೆಮನೆಯಿಂದ. ಅನ್ನಕ್ಕೋ ಸಾರಿಗೋ ಉಪ್ಪು ಹಾಕಿದ ನೀರು ಉಕ್ಕಿ ಒಲೆಯ ಮೇಲೆ ಚೆಲ್ಲಿದಾಗ ಉರಿ ಒಮ್ಮೆಲೇ ಹಳದಿಯಾಗುತ್ತದೆ, ನೋಡಿದ್ದೀರಾ? ಅದು ಉಪ್ಪಿನಲ್ಲಿರುವ ಸೋಡಿಯಂ. ಪ್ರತಿ ಧಾತುವೂ ಕಾದಾಗ ತನ್ನದೇ ಬಣ್ಣ ಬಿಡುತ್ತದೆ. ಆ ಬೆಳಕನ್ನು ಗಾಜಿನ ಪಟ್ಟಕದ ಮೂಲಕ ಹಾಯಿಸಿದರೆ ಬಣ್ಣಗಳು ಬೇರೆ ಬೇರೆ ಗೆರೆಗಳಾಗಿ ನಿಲ್ಲುತ್ತವೆ. ಒಂದು ಧಾತುವಿನ ಗೆರೆಗಳ ಸಾಲು ಇನ್ನೊಂದಕ್ಕೆ ಹೊಂದುವುದಿಲ್ಲ. ಇದನ್ನು ಜರ್ಮನಿಯ ಕಿರ್ಚಾಫ್ ಮತ್ತು ಬುನ್ಸೆನ್ 1859-60ರಲ್ಲಿ ತೋರಿಸಿಕೊಟ್ಟರು. ಅಲ್ಲಿಂದಾಚೆಗೆ ಸೂರ್ಯನಲ್ಲಿ ಏನಿದೆ ಎಂದು ತಿಳಿಯಲು ಸೂರ್ಯನ ಹತ್ತಿರ ಹೋಗಬೇಕಾಗಿಲ್ಲ, ಅದರ ಬೆಳಕಿನ ಹೆಬ್ಬೆಟ್ಟು ಹಿಡಿದರೆ ಸಾಕು ಅಂತಾಯಿತು.

ಹೆಬ್ಬೆಟ್ಟು ಅನ್ನುವ ಮಾತನ್ನು ಸುಮ್ಮನೆ ಬಳಸಲಿಲ್ಲ. ಬಂಗಾಳದಲ್ಲಿ ಬ್ರಿಟಿಷ್ ಅಧಿಕಾರಿಯಾಗಿದ್ದ ವಿಲಿಯಂ ಜೇಮ್ಸ್ ಹರ್ಷೆಲ್ ಎಂಬಾತ 1858ರಲ್ಲಿ ಒಬ್ಬ ಗುತ್ತಿಗೆದಾರನ ಕರಾರುಪತ್ರದ ಮೇಲೆ ಸಹಿಯ ಜೊತೆ ಅಂಗೈ ಗುರುತು ಒತ್ತಿಸಿದ. ಇವತ್ತಿನ ಬೆರಳಚ್ಚು ಶಾಸ್ತ್ರದ ಬೇರು ಅಲ್ಲಿದೆ. ಆತನ ತಮ್ಮ ಲೆಫ್ಟಿನೆಂಟ್ ಜಾನ್ ಹರ್ಷೆಲ್ ಭಾರತದ ಮಹಾ ಭೂಮಾಪನ ಇಲಾಖೆಯಲ್ಲಿದ್ದ ಸೈನ್ಯದ ಇಂಜಿನಿಯರ್. ತಾತ ವಿಲಿಯಂ ಹರ್ಷೆಲ್ 1781ರಲ್ಲಿ ಯುರೇನಸ್ ಗ್ರಹ ಕಂಡುಹಿಡಿದವನು. ತಂದೆ ಸರ್ ಜಾನ್ ಹರ್ಷೆಲ್ ಕೂಡ ಹೆಸರಾಂತ ಖಗೋಳ ವಿಜ್ಞಾನಿ. ಅಣ್ಣ ಮನುಷ್ಯರ ಬೆರಳಚ್ಚು ಹಿಡಿದ. ತಮ್ಮ ಸೂರ್ಯನ ಬೆರಳಚ್ಚು ಹಿಡಿಯಲು ಜಮಖಂಡಿಗೆ ಬಂದ.

1868ರ ಆಗಸ್ಟ್ 18. ಆ ದಿನದ ಪೂರ್ಣ ಸೂರ್ಯಗ್ರಹಣ ಏಡನ್‌ನಿಂದ ಹೊರಟು ಭಾರತವನ್ನು ಅಡ್ಡ ಹಾಯ್ದು ಪೂರ್ವಕ್ಕೆ ಸಾಗಿತು. ಗ್ರಹಣ ಅತಿ ದೀರ್ಘವಾಗಿದ್ದ ಜಾಗದಲ್ಲಿ ಕತ್ತಲು ಆರೂವರೆ ನಿಮಿಷ ದಾಟಿತ್ತು. ಸಯಾಮಿನ ರಾಜ ಮಾಂಗ್‌ಕುಟ್ ತಾನೇ ಲೆಕ್ಕ ಹಾಕಿ, ತನ್ನ ರಾಜ್ಯದ ಕಡಲ ದಂಡೆಗೆ ಅತಿಥಿಗಳನ್ನು ಕರೆದೊಯ್ದು ಗ್ರಹಣ ತೋರಿಸಿದ. ಅಲ್ಲೇ ಮಲೇರಿಯಾ ಹಿಡಿದು ಅಕ್ಟೋಬರ್‌ನಲ್ಲಿ ತೀರಿಕೊಂಡ. ಗ್ರಹಣ ದೋಷ ಅನ್ನುವವರಿಗೆ ಒಳ್ಳೆ ಸರಕು. ಕಚ್ಚಿದ್ದು ಸೊಳ್ಳೆ.

ನಮ್ಮ ಕಡೆ ಆ ನೆರಳು ಜಮಖಂಡಿ, ವಿಜಾಪುರದ ಮೇಲೆ ಹಾದು ಗುಂಟೂರು, ಮಚಲಿಪಟ್ಟಣದ ಕಡೆಗೆ ಹೋಯಿತು. ಜಮಖಂಡಿ ಆಗ ಪಟವರ್ಧನರ ಸಂಸ್ಥಾನ, ಈಗ ಬಾಗಲಕೋಟೆ ಜಿಲ್ಲೆ. ಲಂಡನ್ನಿನ ರಾಯಲ್ ಸೊಸೈಟಿ ಕಳಿಸಿದ ದೂರದರ್ಶಕ, ಸ್ಪೆಕ್ಟ್ರೋಸ್ಕೋಪ್ ಇಟ್ಟುಕೊಂಡು ಹರ್ಷೆಲ್ ಕಾದ. ಆಗಸ್ಟ್ ತಿಂಗಳು, ಮುಂಗಾರು, ಮೇಲೆ ಮೋಡ. ಎಷ್ಟೋ ತಿಂಗಳ ತಯಾರಿ ಒಂದು ಮೋಡದ ಮರ್ಜಿಗೆ ಬಿತ್ತು. ಆದರೂ ನಡುನಡುವೆ ಮೋಡ ಹರಿಯಿತು. ಚಂದ್ರನ ಕಪ್ಪು ಅಂಚಿನಾಚೆ ಕೆಂಡದ ನಾಲಿಗೆಯಂಥ ಜ್ವಾಲೆ ಕಾಣಿಸಿತು. ಆ ಕಡೆಗೆ ಉಪಕರಣ ತಿರುಗಿಸಿದ. ಮೂರು ಗೆರೆ ಕಂಡವು. ಕೆಂಪು, ಕಿತ್ತಳೆ-ಹಳದಿ, ನೀಲಿ.

ಹೊಳೆಯುವ ಗೆರೆ ಅಂದ್ರೆ ಕಾದ ಅನಿಲ. ಅಂದರೆ ಆ ಜ್ವಾಲೆಗಳು ಚಂದ್ರನದ್ದೂ ಅಲ್ಲ, ಕಣ್ಣಿನ ಭ್ರಮೆಯೂ ಅಲ್ಲ, ಸೂರ್ಯನ ಮೇಲಿನ ಉರಿಯುವ ಅನಿಲ. ದೊಡ್ಡ ಶೋಧ. ಇಲ್ಲಿವರೆಗೆ ಸರಿ. ಆದರೆ ಆ ಹಳದಿ ಗೆರೆ ಯಾರದ್ದು? ಹರ್ಷೆಲ್ ಅಳೆದ. ಸೋಡಿಯಂ ಗೆರೆ ಇರುವ ಜಾಗಕ್ಕೆ ತೀರಾ ಹತ್ತಿರ. ಸೋಡಿಯಂ ಅಂತ ಬರೆದುಕೊಂಡ. ಒಲೆ ಮೇಲೆ ಉಕ್ಕಿದ ಉಪ್ಪು!

ಅದು ಸೋಡಿಯಂ ಆಗಿರಲಿಲ್ಲ.

ಕೂದಲೆಳೆಯಷ್ಟು ಪಕ್ಕದಲ್ಲಿತ್ತು ಅದು. ಅದೇ ಬೆಳಿಗ್ಗೆ ವಿಜಾಪುರದಲ್ಲಿ ಕ್ಯಾಪ್ಟನ್ ಹೇಗ್ ಕೂಡ ಗುಲಾಬಿ ಮತ್ತು ಬಂಗಾರದ ಬಣ್ಣದ ಎರಡು ಪಟ್ಟಿ ನೋಡಿದ. ಮಚಲಿಪಟ್ಟಣದಲ್ಲಿ ಮದ್ರಾಸ್ ವೀಕ್ಷಣಾಲಯದ ಪಾಗ್ಸನ್ ಮಾತ್ರ, ಈ ಗೆರೆ ಸೋಡಿಯಂನ ಜಾಗದಲ್ಲಿ ಸರಿಯಾಗಿ ಕೂರುತ್ತಿಲ್ಲವಲ್ಲ ಎಂದು ಗುರುತಿಸಿದ. ಗುಂಟೂರಿನಲ್ಲಿದ್ದ ಫ್ರಾನ್ಸಿನ ಜಾನ್ಸೆನ್, ಗ್ರಹಣ ಇಲ್ಲದಾಗಲೂ ಈ ಜ್ವಾಲೆಗಳನ್ನು ನೋಡುವ ಉಪಾಯ ಕಂಡುಕೊಂಡು ಮರುದಿನವೇ ನೋಡಿದ. ಭಾರತಕ್ಕೆ ಬರದೆ ಲಂಡನ್ನಿನಲ್ಲೇ ಇದ್ದ ನಾರ್ಮನ್ ಲಾಕ್ಯರ್ ಅದೇ ಉಪಾಯವನ್ನು ತಾನಾಗಿ ಕಂಡುಕೊಂಡು ಅಕ್ಟೋಬರ್ 20ರಂದು ನೋಡಿ, ಈ ಹಳದಿ ಗೆರೆ ಭೂಮಿಯ ಮೇಲಿನ ಯಾವ ಧಾತುವಿಗೂ ಸೇರಿದ್ದಲ್ಲ ಅನ್ನುವ ತೀರ್ಮಾನದ ಕಡೆಗೆ ನಡೆದ. ಗ್ರೀಕರ ಸೂರ್ಯದೇವ ಹೀಲಿಯೋಸ್, ಅವನ ಹೆಸರಲ್ಲಿ ಹೀಲಿಯಂ. ಇಪ್ಪತ್ತೇಳು ವರ್ಷ ನಕ್ಕವರೇ ಹೆಚ್ಚು. 1895ರಲ್ಲಿ ವಿಲಿಯಂ ರಾಮ್ಸೆ ಒಂದು ಯುರೇನಿಯಂ ಅದಿರಿನಿಂದ ಅದೇ ಅನಿಲ ಹೊರತೆಗೆದ ಮೇಲೆ ನಗು ನಿಂತಿತು. ಇವತ್ತು ಹುಬ್ಬಳ್ಳಿಗೆ ಹೋಗಿ ಎಂಆರ್‌ಐ ಮಾಡಿಸಿಕೊಳ್ಳುತ್ತೀರಲ್ಲ, ಆ ಯಂತ್ರದ ಆಯಸ್ಕಾಂತವನ್ನು ತಣ್ಣಗಿಡುವುದು ದ್ರವ ಹೀಲಿಯಂ. ಜಮಖಂಡಿಯಲ್ಲಿ ಸಿಕ್ಕು ಕೈತಪ್ಪಿದ್ದು ಅದೇ.

ಇಲ್ಲಿ ಒಂದು ಮಾತು ಹೇಳಲೇಬೇಕು. ಹೀಲಿಯಂ ಗುಂಟೂರಿನಲ್ಲಿ ಸಿಕ್ಕಿತು ಅಂತ ಪಠ್ಯದಲ್ಲಿ ಓದಿದವರಿದ್ದೀರಿ. ಮಹಾರಾಷ್ಟ್ರದ ವಿಜಯದುರ್ಗ ಕೋಟೆಗೆ ಹೋದವರಿಗೆ ಅಲ್ಲಿನ "ಸಾಹೇಬರ ಕಟ್ಟೆ" ತೋರಿಸಿ ಇಲ್ಲೇ ಸಿಕ್ಕಿತು ಅಂತ ಹೇಳುವವರೂ ಇದ್ದಾರೆ. ಲಾಕ್ಯರ್ ವಿಜಯದುರ್ಗಕ್ಕೆ ಬಂದದ್ದು ನಿಜ, ಆದರೆ 1898ರ ಗ್ರಹಣಕ್ಕೆ. ಹೀಲಿಯಂ ಕಥೆ ಆಗ ಮುಗಿದು ಮೂರು ವರ್ಷ. ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಯ ಬಿಮನ್ ನಾಥ್ ಈ ಗೋಜಲನ್ನೆಲ್ಲ ಬಿಡಿಸಿ ಒಂದು ಪುಸ್ತಕವನ್ನೇ ಬರೆದಿದ್ದಾರೆ. ಯಾರೋ ಒಬ್ಬ, ಯಾವುದೋ ಒಂದು ಊರಲ್ಲಿ, ಒಂದು ಬೆಳಿಗ್ಗೆ ಕಂಡುಹಿಡಿದ ಅನ್ನುವುದು ನಮ್ಮಂಥ ಟಿವಿಯವರಿಗೆ ಅನುಕೂಲ. ಮೂವತ್ತು ಸೆಕೆಂಡಿನಲ್ಲಿ ಹೇಳಬಹುದು. ಈ ಕಥೆ ಹಾಗೆ ನಡೆದೇ ಇಲ್ಲ. ಹಾಗಾಗಿ ಜಮಖಂಡಿಯೇ ಹೀಲಿಯಂನ ತವರು ಅಂತ ನಾನೂ ಬೋರ್ಡ್ ಹಾಕುವುದಿಲ್ಲ. ಆದರೆ ಗುಂಟೂರಿನ ಹೆಸರು ಗೊತ್ತಿದ್ದವರಿಗೆ ಜಮಖಂಡಿಯ ಹೆಸರೂ ಗೊತ್ತಿರಲಿ, ಅಷ್ಟೆ.

ಅದೇ ಗ್ರಹಣವನ್ನು ವನಪರ್ತಿಯಲ್ಲಿ ನಿಂತು ನೋಡಿದ ನಮ್ಮವರೊಬ್ಬರಿದ್ದರು. ಮದ್ರಾಸ್ ವೀಕ್ಷಣಾಲಯದ ಚಿಂತಾಮಣಿ ರಘುನಾಥಾಚಾರ್ಯ. ಮುಂದೆ 1874ರಲ್ಲಿ ಶುಕ್ರ ಸೂರ್ಯನ ಮುಂದೆ ಹಾಯ್ದಾಗ ಅದರ ಬಗ್ಗೆ ಹಲವು ಭಾರತೀಯ ಭಾಷೆಗಳಲ್ಲಿ ಕಿರುಪುಸ್ತಕ ಹೊರತಂದರು. ಆಗ ಟಿವಿ ಇರಲಿಲ್ಲ. ಟಿವಿ ಮಾಡಬೇಕಾದ ಕೆಲಸವನ್ನು ಆ ಮನುಷ್ಯ ಮಾಡಿದರು.

ಮೂರು ವರ್ಷ ಮುಂದೆ ಬನ್ನಿ. 1871ರ ಡಿಸೆಂಬರ್ 12. ಈ ಸಲ ಗ್ರಹಣದ ನೆರಳು ಪಶ್ಚಿಮ ಕರಾವಳಿಯಲ್ಲಿ ಬೇಕಲದ ಮೇಲೆ ಬಿತ್ತು. ಕೆಳದಿಯ ಶಿವಪ್ಪ ನಾಯಕ ಕಟ್ಟಿಸಿದ ಕೋಟೆ ಅದು. ಈಗ ಕೇರಳದ ಕಾಸರಗೋಡು ಜಿಲ್ಲೆ, ಆಗ ನಮ್ಮ ದಕ್ಷಿಣ ಕನ್ನಡ. ಮಣಿರತ್ನಂ ಅವರ "ಬಾಂಬೆ" ಸಿನಿಮಾ ಹಾಡಿನಲ್ಲಿ ಕಡಲಿಗೆ ಚಾಚಿದ ಕೋಟೆ ನೋಡಿದ್ದೀರಲ್ಲ, ಅದೇ. ಈ ಸಲ ಲಾಕ್ಯರ್ ತಾನೇ ಬಂದ. ಬೆಳಗಿನ ಗ್ರಹಣ. ಸೂರ್ಯನನ್ನು ಬಿಡಿಸಿಕೊಳ್ಳಲು ಊರ ಜನ ಒಣಹುಲ್ಲಿಗೆ ಬೆಂಕಿ ಹಾಕಹೊರಟರು. ಹೊಗೆ ಎದ್ದರೆ ಇವರ ವೀಕ್ಷಣೆ ಹಾಳು. ಪೊಲೀಸರು ನಿಂತು ಬೆಂಕಿ ಆರಿಸಿದರು. ಎರಡೂ ಕಡೆಯವರಿಗೆ ಸೂರ್ಯನದ್ದೇ ಚಿಂತೆ, ನೋಡಿ.

ಲಾಕ್ಯರ್ ಹುಡುಕುತ್ತಿದ್ದದ್ದು ಇನ್ನೊಂದು ಗೆರೆ, ಹಸಿರು ಗೆರೆ. ಪೂರ್ಣ ಗ್ರಹಣದಲ್ಲಿ ಕಪ್ಪು ಚಂದ್ರನ ಸುತ್ತ ಮುತ್ತಿನ ಬಣ್ಣದ ಪ್ರಭೆ ಹರಡುತ್ತದೆ. ಅದಕ್ಕೆ ಕರೋನಾ ಅಂತ ಹೆಸರು. ವೈರಸ್‌ಗೂ ಅದರ ಕಿರೀಟದ ಆಕಾರ ನೋಡಿಯೇ ಆ ಹೆಸರಿಟ್ಟರು, ಪಾಪ ಸೂರ್ಯನ ತಪ್ಪೇನಿಲ್ಲ. 1869ರಲ್ಲಿ ಅಮೆರಿಕದಲ್ಲಿ ಆದ ಗ್ರಹಣದಲ್ಲಿ ಯಂಗ್ ಮತ್ತು ಹಾರ್ಕ್‌ನೆಸ್ ಎಂಬಿಬ್ಬರು ಈ ಕರೋನಾದ ಬೆಳಕಿನಲ್ಲಿ ಒಂದು ಹಸಿರು ಗೆರೆ ಕಂಡಿದ್ದರು. ಬೇಕಲದಲ್ಲಿ ಲಾಕ್ಯರ್ ಸೀಳುಗಂಡಿ ಇಲ್ಲದೆ ಬರೀ ಪಟ್ಟಕಗಳ ಮೂಲಕ ನೋಡಿದಾಗ ಗೆರೆಯ ಬದಲು ಬಣ್ಣಬಣ್ಣದ ಬಳೆಗಳೇ ಕಂಡವು. ಅವುಗಳಲ್ಲಿ ಹಸಿರು ಬಳೆಯೂ ಇತ್ತು. ಅಂದರೆ ಆ ಹಸಿರು ಯಾವುದೋ ಒಂದು ಮೂಲೆಯದ್ದಲ್ಲ, ಸೂರ್ಯನನ್ನು ಸುತ್ತುವರಿದದ್ದು.

ಯಾವ ಧಾತುವಿಗೂ ಅದು ಹೊಂದಲಿಲ್ಲ. ಹಳದಿ ಗೆರೆಗೆ ಹೊಸ ಧಾತು ಸಿಕ್ಕಿತ್ತಲ್ಲ, ಇದಕ್ಕೂ ಹೊಸ ಧಾತುವೇ ಇರಬೇಕು ಅಂದುಕೊಂಡರು. ಕರೋನಿಯಂ ಅಂತ ಹೆಸರಿಟ್ಟರು. ಧಾತುಗಳ ಕೋಷ್ಟಕ ಕೊಟ್ಟ ಮೆಂಡಲೀವ್ ಅಂಥವರೇ ಇಪ್ಪತ್ತನೇ ಶತಮಾನದ ಆರಂಭದಲ್ಲಿ ಜಲಜನಕಕ್ಕಿಂತ ಹಗುರವಾದ ಧಾತು ಅಂತ ಕರೋನಿಯಂಗೆ ಒಂದು ಜಾಗ ಮಾಡಲು ನೋಡಿದರು. ಆದರೆ ಭೂಮಿಯ ಮೇಲೆ ಎಲ್ಲಿ ಹುಡುಕಿದರೂ ಕರೋನಿಯಂ ಇಲ್ಲ. ವರ್ಷಗಳು ಉರುಳಿ ಕೋಷ್ಟಕದ ಮನೆಗಳೆಲ್ಲ ತುಂಬುತ್ತ ಬಂದವು. ಕರೋನಿಯಂಗೆ ಕೂರಲು ಜಾಗವೇ ಉಳಿಯಲಿಲ್ಲ.

ನಮ್ಮ ಗುಡಿಗಳ ನವಗ್ರಹ ಕಟ್ಟೆಯಲ್ಲಿ ರಾಹು ಕೇತು ಕೂತಿದ್ದಾರೆ. ಸೂರ್ಯ ಯಾಕೆ ಮುಚ್ಚಿಹೋಗುತ್ತಾನೆ ಅನ್ನುವ ಪ್ರಶ್ನೆಗೆ ಹಿಂದಿನವರು ಕೊಟ್ಟ ಹೆಸರು ಅದು. ಕಣ್ಣಿಗೆ ಕಾಣದ ಗ್ರಹ. ಆರ್ಯಭಟ ಐದನೇ ಶತಮಾನದ ಕೊನೆಯಲ್ಲೇ ಇದು ನೆರಳಿನ ಆಟ ಅಂತ ಬರೆದ. ರಾಹು ಮಾತ್ರ ಕದಲಲಿಲ್ಲ. ಈ ಕರೋನಿಯಂ ಕೂಡ ಒಂದು ರಾಹುವೇ, ಪಟ್ಟಕ ಹಿಡಿದವರು ಕಟ್ಟಿದ ರಾಹು. ಆದರೆ ಎಪ್ಪತ್ತು ವರ್ಷ ಪುಸ್ತಕದಲ್ಲಿದ್ದ ಆ ಹೆಸರನ್ನು ಅವರು ಕೊನೆಗೆ ತಾವೇ ಹೊಡೆದುಹಾಕಿದರು.

ಹೊಡೆದುಹಾಕಿದವರು ಜರ್ಮನಿಯ ಗ್ರೋಟ್ರಿಯನ್ ಮತ್ತು ಸ್ವೀಡನ್ನಿನ ಎಡ್ಲೆನ್. 1939ರಲ್ಲಿ ಗ್ರೋಟ್ರಿಯನ್ ದಾರಿ ತೋರಿಸಿದ, ನಾಲ್ಕು ವರ್ಷದೊಳಗೆ ಎಡ್ಲೆನ್ ಲೆಕ್ಕ ಮುಗಿಸಿದ. ಹಸಿರು ಗೆರೆ ಯಾರದ್ದು ಗೊತ್ತೇ? ಕಬ್ಬಿಣದ್ದು. ನಮ್ಮ ಕುಡಗೋಲು, ನೇಗಿಲ ಕುಳದ ಕಬ್ಬಿಣ. ಅದರ ಪರಮಾಣುವಿನಲ್ಲಿ 26 ಎಲೆಕ್ಟ್ರಾನ್ ಇರುತ್ತವೆ, ಅದರಲ್ಲಿ 13 ಕಿತ್ತುಹೋದರೆ ಆ ಹಸಿರು ಹೊಮ್ಮುತ್ತದೆ.

ಜಮಖಂಡಿಯಲ್ಲಿ ಗೊತ್ತಿರುವ ಉಪ್ಪು ಅಂದುಕೊಂಡದ್ದು ಹೊಸ ಧಾತುವಾಗಿತ್ತು. ಬೇಕಲದಲ್ಲಿ ಹೊಸ ಧಾತು ಅಂದುಕೊಂಡದ್ದು ಹಳೇ ಕಬ್ಬಿಣವಾಗಿತ್ತು.

ಹಾಗಾದರೆ ಒಗಟು ಬಿಡಿಸಿತು ಅಂತೀರಾ? ಅಲ್ಲೇ ಇರುವುದು ಮಜಾ. ಕಬ್ಬಿಣದಿಂದ ಹದಿಮೂರು ಎಲೆಕ್ಟ್ರಾನ್ ಕೀಳಬೇಕಾದರೆ ಹತ್ತು ಲಕ್ಷ ಡಿಗ್ರಿ ದಾಟಿದ ಶಾಖ ಬೇಕು. ಸೂರ್ಯನ ಮೇಲ್ಮೈ ಎಷ್ಟು ಬಿಸಿ? ಸುಮಾರು 5,500 ಡಿಗ್ರಿ ಸೆಲ್ಸಿಯಸ್. ಚಳಿಯಲ್ಲಿ ಬೆಂಕಿ ಕಾಯಿಸಲು ಕೂತವರಿಗೆ ಗೊತ್ತು, ಬೆಂಕಿಯಿಂದ ದೂರ ಸರಿದಷ್ಟೂ ಕಾವು ಕಡಿಮೆ. ಸೂರ್ಯನಲ್ಲಿ ಉಲ್ಟಾ. ಮೇಲ್ಮೈಯಿಂದ ಮೇಲಕ್ಕೆ, ದೂರಕ್ಕೆ ಹೋದಲ್ಲಿ ಕಾವು ನೂರಾರು ಪಟ್ಟು ಜಾಸ್ತಿ. ಅನಿಲ ತೀರಾ ತೆಳು, ಹಾಗಾಗಿ ಒಟ್ಟು ಶಾಖದ ಮೊತ್ತ ದೊಡ್ಡದಲ್ಲ, ಅದು ನಿಜ. ಆದರೂ ತಣ್ಣಗಿನ ಕಡೆಯಿಂದ ಬಿಸಿ ಕಡೆಗೆ ಶಾಖ ತಾನಾಗಿ ಹರಿಯುವುದಿಲ್ಲವಲ್ಲ! ಕಾಂತಕ್ಷೇತ್ರದ ಅಲೆಗಳು ಹೊತ್ತು ತರುತ್ತವೆ ಅನ್ನುವವರಿದ್ದಾರೆ. ಲೆಕ್ಕವಿಲ್ಲದಷ್ಟು ಸಣ್ಣ ಸಣ್ಣ ಸ್ಫೋಟಗಳು ಕಾಯಿಸುತ್ತವೆ ಅನ್ನುವವರೂ ಇದ್ದಾರೆ. ಎರಡೂ ಸ್ವಲ್ಪ ಸ್ವಲ್ಪ ಇರಬಹುದು. ಪೂರ್ತಿ ಉತ್ತರ ಇವತ್ತಿಗೂ ಇತ್ಯರ್ಥವಾಗಿಲ್ಲ. ದುಂಡಸಿಯ ಆ ರೈತರಿಗೆ ನಾನು "ಹೌದು" ಅಂದದ್ದು ಈ ಕಾರಣಕ್ಕೆ.

ಈಗ ಅವರ ಎಂಬತ್ತನೇ ಇಸ್ವಿಗೆ ಬರೋಣ. 1980ರ ಫೆಬ್ರವರಿ 16, ಶನಿವಾರ ಮಧ್ಯಾಹ್ನ. ಗ್ರಹಣದ ಪೂರ್ಣ ನೆರಳು ಉತ್ತರ ಕನ್ನಡದ ಕರಾವಳಿಯಲ್ಲಿ ನೆಲ ಹತ್ತಿ, ಹುಬ್ಬಳ್ಳಿ, ಗದಗ, ರಾಯಚೂರಿನ ಮೇಲೆ ಹಾದು ಆಂಧ್ರಕ್ಕೆ ದಾಟಿತು. ದುಂಡಸಿ ಆಗ ಅವಿಭಜಿತ ಧಾರವಾಡ ಜಿಲ್ಲೆಯಲ್ಲಿತ್ತು, ಆ ಪಟ್ಟಿಯ ಒಳಗೇ ಇತ್ತು. ಎರಡು ನಿಮಿಷಕ್ಕೂ ಮೀರಿ ಹಗಲು ಆರಿಹೋಯಿತು. ಕಾಳಿನ ಡಬ್ಬಿಗೆ ದರ್ಭೆ, ಬಸುರಿಯರು ಚಾಕು ಮುಟ್ಟಬಾರದು, ಬಾಗಿಲಿಗೆ ಅಗಳಿ. ದೊಡ್ಡ ನಗರಗಳಲ್ಲಿ ಜನ ಬೀದಿಗೆ ಬರದಿರಲಿ ಅಂತ ದೂರದರ್ಶನ ಸಿನಿಮಾ ಹಾಕಿತು. ಬರಿಗಣ್ಣಲ್ಲಿ ಸೂರ್ಯನನ್ನು ನೋಡಬೇಡಿ ಅನ್ನುವ ಎಚ್ಚರಿಕೆ ಸರಿಯಾದದ್ದೇ. ಆದರೆ ಹೇಗೆ ನೋಡಬಹುದು ಅಂತ ಹೇಳಿಕೊಡುವ ಬದಲು ನೋಡಲೇಬೇಡಿ ಅಂದೆವು. ಸೂರ್ಯ ಪೂರ್ತಿ ಮುಚ್ಚಿದ ಆ ಎರಡು ನಿಮಿಷ ಬರಿಗಣ್ಣಿಗೂ ಅಪಾಯ ಇರಲಿಲ್ಲ.

ಆ ಹೊತ್ತಿಗೆ ಸಿಂಧನೂರು ತಾಲೂಕಿನ ಜವಳಗೇರಾದಲ್ಲಿ ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯವರು, ವೇಣು ಬಾಪು ಅವರ ನೇತೃತ್ವದಲ್ಲಿ, ಉಪಕರಣ ಹೂಡಿ ಕೂತಿದ್ದರು. ಅವರು ಹಿಡಿದದ್ದರಲ್ಲಿ ಕರೋನಾದ ಕೆಂಪು ಗೆರೆಯೂ ಒಂದು. ಅದೂ ಕಬ್ಬಿಣದ್ದೇ, ಒಂಬತ್ತು ಎಲೆಕ್ಟ್ರಾನ್ ಕಳಕೊಂಡ ಕಬ್ಬಿಣ. ತಂಡದಲ್ಲಿ ಜಗದೇವ್ ಸಿಂಗ್ ಎಂಬ ವಿಜ್ಞಾನಿ ಇದ್ದರು. ಆಮೇಲೆ ಅವರು ಗ್ರಹಣ ಎಲ್ಲೆಲ್ಲಿ ಆಯಿತೋ ಅಲ್ಲಲ್ಲಿಗೆ ಹೋದರು. ಎಷ್ಟೇ ಓಡಾಡಿದರೂ ಒಂದು ಗ್ರಹಣಕ್ಕೆ ಸಿಗುವುದು ಎರಡು ಮೂರು ನಿಮಿಷ. ಇದು ಸಾಲದು, ಆಕಾಶದಲ್ಲೇ ಒಂದು ಕೃತಕ ಗ್ರಹಣ ಬೇಕು ಅಂದವರಲ್ಲಿ ಅವರು ಮುಂಚೂಣಿಯವರು.

ಅದೂ ಆಯಿತು. ಚಂದ್ರಯಾನ-3 ಇಳಿದ ಹತ್ತು ದಿನಕ್ಕೆ, 2023ರ ಸೆಪ್ಟೆಂಬರ್ 2ರಂದು ಆದಿತ್ಯ-ಎಲ್1 ಹಾರಿತು. 2024ರ ಜನವರಿ 6ರಂದು ಭೂಮಿಯಿಂದ 15 ಲಕ್ಷ ಕಿಲೋಮೀಟರ್ ದೂರದ ತನ್ನ ಜಾಗ ಸೇರಿತು. ಅದರ ಮುಖ್ಯ ಉಪಕರಣ ಸೂರ್ಯನ ಬಿಂಬವನ್ನು ಮುಚ್ಚಿ ಕರೋನಾವನ್ನು ಮಾತ್ರ ನೋಡುವ ಕರೋನಾಗ್ರಾಫ್. ಅದು ತಯಾರಾದದ್ದು ನಮ್ಮ ಹೊಸಕೋಟೆಯಲ್ಲಿರುವ ಆ ಸಂಸ್ಥೆಯ ಆವರಣದಲ್ಲಿ. ಅದು ನೋಡುವ ಗೆರೆಗಳಲ್ಲಿ ಒಂದು 5303 ಆಂಗ್‌ಸ್ಟ್ರಾಮ್ ತರಂಗಾಂತರದ್ದು. ಬೇಕಲದ ಕೋಟೆಯಲ್ಲಿ ಲಾಕ್ಯರ್ ನೋಡಿದ ಅದೇ ಹಸಿರು.

ಇದನ್ನೆಲ್ಲ ಬರೆಯುವಾಗ ನನಗೆ ಒಂದು ದಿನ ನೆನಪಾಗಿ ಮುಜುಗರವಾಗುತ್ತದೆ. 2019ರ ಡಿಸೆಂಬರ್ 26, ಕಂಕಣ ಗ್ರಹಣ. ಬೇಕಲದ ಸುತ್ತಮುತ್ತ ಉರಿಯುವ ಬಳೆಯಂಥ ಸೂರ್ಯ ಕಂಡ ದಿನ. ಅದೇ ದಿನ ಕಲಬುರಗಿ ಕಡೆ ಅಂಗವೈಕಲ್ಯವಿದ್ದ ಮಕ್ಕಳನ್ನು ವಾಸಿಯಾಗುತ್ತದೆ ಅಂತ ಕುತ್ತಿಗೆವರೆಗೆ ಮಣ್ಣಿನಲ್ಲಿ ಹೂತಿದ್ದರು. ಆ ದೃಶ್ಯ ಸ್ಟುಡಿಯೋಗೆ ಬಂದಾಗ ನನ್ನ ಪಕ್ಕದಲ್ಲಿ ಯಾವ ರಾಶಿಗೆ ಎಷ್ಟು ದೋಷ ಅಂತ ಹೇಳಲು ಮೂವರು ಜ್ಯೋತಿಷಿಗಳು ಕೂತಿದ್ದರು. ಕರೆಸಿದವರು ನಾವೇ. ಮಣ್ಣಿನಲ್ಲಿದ್ದ ಆ ಮಕ್ಕಳ ಮುಖ ನೋಡಿ ನಾನು "ಇದು ಮೌಢ್ಯ" ಅಂತ ಗಟ್ಟಿಯಾಗಿ ಅಂದೆ. ಆಮೇಲೆ ಮೇಷ ರಾಶಿಯಿಂದ ಮುಂದುವರಿಸಿದೆವು.

ದುಂಡಸಿಯವರಿಗೆ ಇಷ್ಟನ್ನೂ ಫೋನಿನಲ್ಲಿ ಹೇಳಲಿಲ್ಲ, ಸ್ವಲ್ಪ ಹೇಳಿದೆ. ಕಬ್ಬಿಣ ಅಂದಾಗ ನಕ್ಕರು. "ಮತ್ತ ಯಾವಾಗ್ರಿ ನಮ್ಮ ಕಡೆ?" ಅಂದರು. ಪೂರ್ಣ ಗ್ರಹಣ ಭಾರತಕ್ಕೆ ಬರುವುದು 2034ರ ಮಾರ್ಚ್ 20ಕ್ಕೆ, ಅದೂ ಮೇಲೆ ಕಾರ್ಗಿಲ್ ಕಡೆ. ದುಂಡಸಿಯಲ್ಲಿ ಸದ್ಯಕ್ಕೆ ಅಂದರೆ 2027ರ ಆಗಸ್ಟ್ 2ರ ಸಂಜೆ, ಪಾರ್ಶ್ವ ಗ್ರಹಣ, ಸೂರ್ಯನ ಒಂದು ಚೂರು ಮಾತ್ರ ಮುಚ್ಚುತ್ತದೆ. ಗ್ರಹಣ ನೋಡುವ ಕನ್ನಡಕ ಸಿಗುತ್ತದೆ, ಮೊಮ್ಮಕ್ಕಳನ್ನೂ ಕರಕೊಂಡು ಹೊರಗೆ ಬನ್ನಿ ಅಂದೆ.

"ಆಗಸ್ಟ್ ಅಂದ್ರ ಮಳಿಗಾಲಲ್ರಿ ಸರ್ರ, ಮೋಡ ಇರ್ತದ."

ಇರಬಹುದು. ಜಮಖಂಡಿಯಲ್ಲೂ ಇತ್ತು.